ಮಾಮನ ಕೈಗೆ ಮಾತ್ರ ಬೀಳುತ್ತಿದ್ದ ಗೇರ್

ಗಲ್ಫಿನಲ್ಲಿ, ಅಲ್ ವುಕೈರ್‌ನ ಈ ಫ್ಲ್ಯಾಟ್ ಬಿಡುವುದೆಂದು ತೀರ್ಮಾನವಾದ ಮೇಲೆ ಕಳೆದ ಶುಕ್ರವಾರ ಡ್ರಾಯರ್‌ಗಳನ್ನು ಖಾಲಿ ಮಾಡುತ್ತ ಕೂತಿದ್ದೆ. ಸತ್ತ ಬ್ಯಾಟರಿಗಳು, ಯಾವ ಬೀಗಕ್ಕೂ ಸೇರದ ಕೀಲಿಕೈಗಳು, ಹಳೆಯ ಸಿಮ್ ಕಾರ್ಡ್‌ಗಳು... ಎಲ್ಲದರ ಅಡಿಯಲ್ಲಿ ಮಲಯಾಳಂ ಪೇಪರಿನ ಒಂದು ಸಣ್ಣ ಪೊಟ್ಟಣ. ಬಿಡಿಸುವ ಮೊದಲೇ ವಾಸನೆ ಬಂತು. ಹಳೆಯ ಗ್ರೀಸಿನ ವಾಸನೆ. ಅದಕ್ಕೊಂದು ಗುಣ ಇದೆ. ಎಷ್ಟು ವರ್ಷ ಮುಚ್ಚಿಟ್ಟರೂ ಅದು ಆರುವುದಿಲ್ಲ, ನಮ್ಮನ್ನು ಕಾಯುತ್ತ ಕೂತಿರುತ್ತದೆ.

ಒಳಗೆ ಇದ್ದದ್ದು ನೈಲಾನಿನ ಒಂದು ಪುಟ್ಟ ಬಳೆ. ಗಾಡಿಯವರು ಬುಷ್ ಅನ್ನುತ್ತಾರೆ. ಒಂದು ಕಾಲದಲ್ಲಿ ಬೆಳ್ಳಗಿದ್ದಿರಬೇಕು, ಈಗ ಎಲೆ ಅಡಿಕೆ ತಿಂದವರ ಹಲ್ಲಿನ ಬಣ್ಣ. ನಡುವಿನ ತೂತು ಸವೆದು ಸವೆದು ಮೊಟ್ಟೆಯ ಆಕಾರಕ್ಕೆ ಬಂದಿದೆ. ಅಂಚೂ ಒಂದು ಕಡೆ ತೇದುಹೋಗಿದೆ. ಅದನ್ನು ಅಂಗೈಯಲ್ಲಿ ಇಟ್ಟುಕೊಂಡ ಮೇಲೆ ಮಿಕ್ಕ ಡ್ರಾಯರ್‌ಗಳ ಕೆಲಸ ಅವತ್ತು ಆಗಲಿಲ್ಲ.

ಅದನ್ನು ನನಗೆ ಕೊಟ್ಟವರು ನಮ್ಮ ವ್ಯಾನಿನ ಡ್ರೈವರ್. ನಾನು ಆಗ ಸಂಸಾರವಿಲ್ಲದೆ ಮುಐದರ್‌ನ ಒಂದು ವಿಲ್ಲಾದಲ್ಲಿ ಹತ್ತಾರು ಜನರ ಜೊತೆ ಇದ್ದೆ. ಕೆಲಸ ಮೆಸಯೀದ್‌ನ ಪ್ಲಾಂಟಿನಲ್ಲಿ. ಬೆಳಿಗ್ಗೆ ನಮ್ಮನ್ನು ಅಲ್ಲಿಗೆ ಮುಟ್ಟಿಸುವುದು, ಸಂಜೆ ತಿರುಗಿ ತರುವುದು ಅವರ ಕೆಲಸ. ಪಡುಬಿದ್ರಿ ಕಡೆಯವರು. ನಮ್ಮೆಲ್ಲರಿಗಿಂತ ಹಿರಿಯರಾದ್ದರಿಂದ ಯಾರೋ ಒಬ್ಬ ಮಾಮ ಎಂದು ಕರೆದ. ಆಮೇಲೆ ತುಳುವಿನವರಿಗೂ ಕೊಂಕಣಿಯವರಿಗೂ ಘಟ್ಟದ ಮೇಲಿನವರಿಗೂ ಅವರು ಮಾಮನೇ. ಪ್ಲಾಂಟಿನ ಗೇಟಿನಲ್ಲಿದ್ದ ನೇಪಾಳಿ ಸೆಕ್ಯುರಿಟಿಯವನೂ 'ಮಾಮ, ಯಲ್ಲಾ ಯಲ್ಲಾ' ಎಂದು ಅವಸರಪಡಿಸಿ ಕೈ ಬೀಸುತ್ತಿದ್ದ. ಅದೇ ವಿಲ್ಲಾದಲ್ಲಿ ಗೇಟಿಗೆ ತಾಗಿಕೊಂಡ ಕೋಣೆ ಅವರದು. ಕಿಟಕಿಯಿಂದ ಕೈ ಚಾಚಿದರೆ ವ್ಯಾನ್ ಸಿಗುವಷ್ಟು ಹತ್ತಿರ.

ಹದಿನೈದು ಸೀಟಿನ ಮುದಿ ವ್ಯಾನ್ ಅದು. ಅದರ ಏಸಿಯನ್ನು ಕ್ಷಮಿಸಬಹುದಿತ್ತು, ಸೀಟನ್ನೂ ಕ್ಷಮಿಸಬಹುದಿತ್ತು. ಗೇರನ್ನು ಮಾತ್ರ ಯಾರೂ ಕ್ಷಮಿಸುವ ಹಾಗಿರಲಿಲ್ಲ. ಅಂಥ ಗಾಡಿಗಳಲ್ಲಿ ಗೇರ್ ಕಡ್ಡಿ ಡ್ರೈವರನ ಪಕ್ಕದಲ್ಲಿರುತ್ತದೆ, ಗೇರ್‌ಬಾಕ್ಸ್ ಹಿಂದೆಲ್ಲೋ ಹೊಟ್ಟೆಯ ಕೆಳಗೆ. ಕೈ ಹೇಳಿದ್ದನ್ನು ಬಾಕ್ಸಿಗೆ ಮುಟ್ಟಿಸಲು ನಡುವೆ ಉದ್ದದ ರಾಡುಗಳು. ರಾಡು ಸೇರುವ ಕಡೆಗಳಲ್ಲೆಲ್ಲ ಈ ನೈಲಾನ್ ಬುಷ್. ಇಲ್ಲಿಯ ಬಿಸಿಲಿಗೂ ಮರಳಿಗೂ ಆ ಬುಷ್‌ಗಳು ತಿಂದುಹೋದರೆ ಕೈ ಹೇಳಿದ್ದು ಒಂದು, ಬಾಕ್ಸಿಗೆ ಕೇಳಿದ್ದು ಇನ್ನೊಂದು. ನಮ್ಮ ವ್ಯಾನಿನ ಕಡ್ಡಿ ಪಾಯಸದ ಪಾತ್ರೆಯೊಳಗಿನ ಸೌಟಿನ ಹಾಗೆ ಸುತ್ತಲೂ ತಿರುಗುತ್ತಿತ್ತು. ಒಂದನೆಯ ಗೇರ್ ಎಲ್ಲಿ ಮುಗಿಯಿತು, ರಿವರ್ಸ್ ಎಲ್ಲಿ ಶುರುವಾಯಿತು ಎಂದು ದೇವರಿಗೂ ತಿಳಿಯದು.

ಮಾಮನಿಗೆ ಮಾತ್ರ ತಿಳಿಯುತ್ತಿತ್ತು. ಕಡ್ಡಿಯನ್ನು ತೊಡೆಯ ಕಡೆಗೆ ಎಳೆದು, ತುಸು ಮೇಲೆತ್ತಿ, ಯಾರದೋ ಉತ್ತರಕ್ಕೆ ಕಾದವರ ಹಾಗೆ ಒಂದು ಗಳಿಗೆ ನಿಂತು, ಆಮೇಲೆ ಅಂಗೈಯ ಬುಡದಿಂದ ಮೆತ್ತಗೆ ದೂಡುತ್ತಿದ್ದರು. ಕಟ್ ಎಂದು ಬೀಳುತ್ತಿತ್ತು. ನಮ್ಮ ಅಜ್ಜಿಯ ಮನೆಯಲ್ಲಿ ಒಂದು ಕೋಣೆಯ ಬಾಗಿಲಿತ್ತು. ಅದನ್ನು ಮೊಣಕಾಲಿನಿಂದ ಎತ್ತಿ, ಭುಜ ಕೊಟ್ಟು ತೆರೆಯುವ ಕ್ರಮ ಅಜ್ಜಿಗೊಬ್ಬಳಿಗೇ ಗೊತ್ತಿತ್ತು. ಮಾಮ ಗೇರ್ ಹಾಕುವಾಗ ನನಗೆ ಆ ಬಾಗಿಲೇ ನೆನಪಾಗುತ್ತಿತ್ತು.

ಹಿಂದಿನ ಸೀಟಿನಲ್ಲಿ ಹುಬ್ಬಳ್ಳಿಯ ಒಬ್ಬ ವೆಲ್ಡರ್ ಕೂರುತ್ತಿದ್ದ. ಬಾಯಿ ಸುಮ್ಮನಿರದ ಆಸಾಮಿ. ದಿನಾ ಬೆಳಿಗ್ಗೆ ಅವನದು ಒಂದೇ ಪ್ರಶ್ನೆ.

"ಏನ್ ಮಾಮಾರ, ಗೇರ್ ಹಾಕಾಕತ್ತೀರೋ, ಮಜ್ಜಿಗಿ ಕಡ್ಯಾಕತ್ತೀರೋ?"

"ಬೆಣ್ಣೆ ಬಂದ್ರೆ ನಿನಗೇ ಮೊದಲು ಕೊಡ್ತೇನೆ ಮಾರಾಯ. ಈಗ ಬಾಯಿ ಮುಚ್ಚಿ ಕೂತ್ಕೊ."

ಮುಂದಿನ ಸೀಟು ನಮ್ಮ ಸ್ಟೋರಿನ ಪೊರ್ಬುಗಳದ್ದು. ಶಿರ್ವ ಕಡೆಯ ಕ್ರಿಶ್ಚಿಯನ್ ಒಬ್ಬರು; ನಮ್ಮಲ್ಲಿ ಕ್ರಿಶ್ಚಿಯನ್ನರನ್ನು ಹಾಗೆ ಕರೆಯುವುದು ರೂಢಿ, ಅವರಿಗೂ ಅದರಲ್ಲಿ ಬೇಸರವಿಲ್ಲ. ಅವರು ಗಾಡಿ ಹೊರಟ ಕೂಡಲೇ ಶಿಲುಬೆಯ ಗುರುತು ಹಾಕಿಕೊಳ್ಳುತ್ತಿದ್ದರು. "ನನಗೋಸ್ಕರ ಅಲ್ಲ, ಮಾಮನ ಗೇರ್‌ಬಾಕ್ಸಿಗೆ" ಎನ್ನುತ್ತಿದ್ದರು.

ಮಾಮ ರಜೆಯಲ್ಲಿ ಊರಿಗೆ ಹೋದಾಗೆಲ್ಲ ವ್ಯಾನಿನ ಆಫೀಸಿನವರು ಬೇರೆ ಡ್ರೈವರನ್ನು ಕಳಿಸುತ್ತಿದ್ದರು. ಒಬ್ಬ ಮೊದಲ ರೌಂಡಬೌಟ್‌ನಲ್ಲೇ ಕೈಮುಗಿದ. ಇನ್ನೊಬ್ಬ ಪ್ಲಾಂಟಿನವರೆಗೆ ಎರಡನೆಯ ಗೇರಿನಲ್ಲೇ ಕಿರುಚಿಸುತ್ತ ಒಯ್ದು, ಕೀಲಿಯನ್ನು ಸೀಟಿನ ಮೇಲಿಟ್ಟು, 'ಖಲಾಸ್, ಈ ಗಾಡಿ ನನಗೆ ಬೇಡ' ಎಂದು ಟ್ಯಾಕ್ಸಿ ಹತ್ತಿ ಹೋದ. ಕೊನೆಗೆ ಬಾಡಿಗೆ ಬಸ್ಸು. ಮಾಮ ತಿರುಗಿ ಬಂದ ದಿನ ನಾವೆಲ್ಲ ನಗುತ್ತ ಅವರಿಗೆ ಈ ಕತೆ ಹೇಳಿದರೆ ಅವರೂ ನಗುತ್ತಿದ್ದರು. ಆದರೆ ಒಂದು ಪ್ರಶ್ನೆ ಕೇಳದೆ ಬಿಡುತ್ತಿರಲಿಲ್ಲ: "ಮುದೀರ್ ಏನು ಹೇಳಿದ?" ಮುದೀರ್ ಎಂದರೆ ಆಫೀಸಿನ ಮ್ಯಾನೇಜರ್. ಆ ಪ್ರಶ್ನೆಯ ತೂಕ ನನಗೆ ಆಗ ತಿಳಿಯಲಿಲ್ಲ...

ಊರಿನಲ್ಲಿ ಅವರ ಹೆಂಡತಿಗೆ ಎರಡೂ ಕಿಡ್ನಿ ಹೋಗಿತ್ತು. ವಾರಕ್ಕೆರಡು ಸಲ ಉಡುಪಿಗೆ ಕರೆದುಕೊಂಡು ಹೋಗಿ ಡಯಾಲಿಸಿಸ್ ಮಾಡಿಸಬೇಕು. ಮಕ್ಕಳಿರಲಿಲ್ಲ; ಹೆಂಡತಿಯ ತಂಗಿ ಜೊತೆಗೆ ಹೋಗುತ್ತಿದ್ದಳು. ಆ ದಿನಗಳಲ್ಲಿ ಮಾಮ ಪ್ಲಾಂಟಿನ ಹೊರಗೆ ವ್ಯಾನಿನ ನೆರಳಿನಲ್ಲಿ ಕೂತು ಫೋನ್ ಹಿಡಿದುಕೊಂಡೇ ಇರುತ್ತಿದ್ದರು. ಆಚೆಯಿಂದ ಮಾಮಿಯ ಮಾತು ಕಡಿಮೆ, ಉಸಿರು ಜಾಸ್ತಿ. "ಹಾಂ, ಹಾಂ, ಕೇಳ್ತಾ ಉಂಟು" ಎಂದು ಇವರು ಅದಕ್ಕೇ ಉತ್ತರ ಕೊಡುತ್ತಿದ್ದರು. ಇವರ ಸಂಬಳ ನಿಂತ ದಿನ ಆ ಉಸಿರಿಗೆ ಆಧಾರ ಇಲ್ಲ. ಇದು ವ್ಯಾನಿನಲ್ಲಿ ಎಲ್ಲರಿಗೂ ಗೊತ್ತಿತ್ತು. ಗೊತ್ತಿದ್ದದ್ದರಿಂದಲೇ ಮಾಮನಿಗೂ ಸಕ್ಕರೆ ಕಾಯಿಲೆ ಇದೆ, ಕಣ್ಣು ಮೊದಲಿನ ಹಾಗಿಲ್ಲ ಎಂಬುದನ್ನು ನಾವು ಯಾರೂ ಬಾಯಿಬಿಟ್ಟು ಆಡುತ್ತಿರಲಿಲ್ಲ.

ಬೇಸಿಗೆಯ ಒಂದು ಮಧ್ಯಾಹ್ನ. ಪ್ಲಾಂಟಿನಲ್ಲಿ ಬೇಗ ಬಿಟ್ಟಿದ್ದರು. ಮೆಸಯೀದ್ ರಸ್ತೆಯಲ್ಲಿ ಟ್ರೇಲರ್‌ಗಳು ಒಂದರ ಬೆನ್ನಿಗೆ ಒಂದು. ಮಾಮ ಏನೋ ಹೇಳಲು ಬಾಯಿ ತೆರೆದರು, ಹೇಳಲಿಲ್ಲ. ವ್ಯಾನ್ ನಿಧಾನವಾಗಿ ಬಲಕ್ಕೆ ಸರಿಯಿತು. ಕಡೆಯ ಪ್ರಜ್ಞೆಯಲ್ಲಿ ಅಷ್ಟನ್ನು ಮಾಡಿದರು ಅವರು. ಮುಂದಿನ ಚಕ್ರ ಅಂಚಿನ ಮರಳಿಗೆ ಹೂತು, ಇಂಜಿನ್ ನಿಂತು, ಅವರ ತಲೆ ಸ್ಟೇರಿಂಗಿನ ಮೇಲೆ ಬಿತ್ತು. ವ್ಯಾನಿನ ಹಿಂಭಾಗ ಇನ್ನೂ ರಸ್ತೆಯಲ್ಲೇ ಇತ್ತು.

ಅವರನ್ನು ಎಳೆದು ಪಕ್ಕದ ಸೀಟಿಗೆ ಒರಗಿಸಿದೆವು. ಸಕ್ಕರೆ ಇಳಿದಿರಬೇಕೆಂದು ಯಾರದೋ ಊಟದ ಚೀಲದಲ್ಲಿದ್ದ ಜ್ಯೂಸನ್ನು ನಾನು ಅವರ ತುಟಿಗೆ ಹಿಡಿದೆ. ಟ್ರೇಲರ್‌ಗಳು ಹಾರ್ನ್ ಹಾಕುತ್ತ ಪಕ್ಕಕ್ಕೆ ಹೊರಳಿ ಹೋಗುವಾಗೆಲ್ಲ ವ್ಯಾನ್ ನಡುಗುತ್ತಿತ್ತು. ಗಾಡಿಯನ್ನು ರಸ್ತೆಯಿಂದ ಇಳಿಸದೆ ಉಪಾಯವಿರಲಿಲ್ಲ. ಹುಬ್ಬಳ್ಳಿಯವನ ಹತ್ತಿರ ಲೈಸೆನ್ಸ್ ಇತ್ತು. "ನಾ ತಗೀತೇನ್ರೀ, ನೀವು ಹಿಂದಿಂದ ದೂಡ್ರಿ" ಎಂದು ಅವನು ಸೀಟಿಗೆ ಹಾರಿದ. ಪೊರ್ಬುಗಳೂ ಇನ್ನೂ ನಾಲ್ಕೈದು ಜನರೂ ಇಳಿದು ಹಿಂದಕ್ಕೆ ಹೋಗಿ ಕೈಹಚ್ಚಿದರು. ಅವನು ಇಂಜಿನ್ ಎಬ್ಬಿಸಿದ, ಕಡ್ಡಿಯನ್ನು ತಿರುಗಿಸಿದ, ಹುಡುಕಿದ, ಒಂದನೆಯದಕ್ಕೆ ಬಿತ್ತು ಎಂದುಕೊಂಡು ಕ್ಲಚ್ ಬಿಟ್ಟ.

ಬಿದ್ದದ್ದು ರಿವರ್ಸ್.

ಮಿಕ್ಕವರು ಹಾರಿ ತಪ್ಪಿಸಿಕೊಂಡರು. ಪೊರ್ಬುಗಳಿಗೆ ಆಗಲಿಲ್ಲ. ಹಿಂದಿನ ಚಕ್ರ ಅವರ ಬಲಪಾದದ ಮೇಲೆ ಹತ್ತಿ ಇಳಿಯಿತು. ಮಾಮನಿಗೆ ಎಚ್ಚರವಾದದ್ದು ಆ ಕೂಗಿಗೆ.

ಅಂಬುಲೆನ್ಸ್ ಬರುವ ತನಕ ಹುಬ್ಬಳ್ಳಿಯವನು ಮರಳಿನಲ್ಲಿ ಕೂತು ಒಂದೇ ಮಾತನ್ನು ಹೇಳುತ್ತಿದ್ದ. "ನಾ ಒಂದಕ್ಕ ಹಾಕಿದ್ದೆರಿ... ನಾ ಒಂದಕ್ಕ ಹಾಕಿದ್ದೆ." ಯಾರೂ ಅವನನ್ನು ಬೈಯಲಿಲ್ಲ. ಮಾಮ ಮಾತ್ರ ಅವನ ತಲೆಯ ಮೇಲೆ ಕೈ ಇಟ್ಟು, "ನೀನು ಸರಿಯಾಗೇ ಹಾಕಿದ್ದಿ ಮಾರಾಯ" ಎಂದರು. ಸಮಾಧಾನಕ್ಕೆ ಹೇಳುತ್ತಿದ್ದಾರೆ ಎಂದುಕೊಂಡೆ.

ಪೊರ್ಬುಗಳ ಪಾದದ ಎಲುಬುಗಳು ಪುಡಿಯಾಗಿದ್ದವು. ಕಂಬಿ ಹಾಕಿ ಕೂಡಿಸಿದರು. ಮಾಮನಿಗೆ ತಲೆ ತಿರುಗಿದ್ದು ಆಫೀಸಿಗೆ ಗೊತ್ತಾಯಿತು. ಆದರೂ ಒಂದು ವಾರ ಕೋಣೆಯಲ್ಲೇ ಕೂರಿಸಿ, ಬಾಡಿಗೆ ಬಸ್ಸಿನ ಬಿಲ್ಲು ಏರತೊಡಗಿದ ಮೇಲೆ, ಮುದೀರ್ ಅವರನ್ನೇ ತಿರುಗಿ ಕರೆದ. ಆ ಗಾಡಿ ಗುಜರಿಗೆ ಹೋಗುವ ತನಕ ನೀನು, ಆಮೇಲೆ ಖಲಾಸ್ ಎಂದನಂತೆ.

ಮಾಮ ಬದಲಾಗಿದ್ದರು. ದಿನಾ ಸಂಜೆ ಪೊರ್ಬುಗಳ ಕೋಣೆಗೆ ಹೋಗಿ ಅವರ ಮಂಚದ ಪಕ್ಕ ಕೂರುತ್ತಿದ್ದರು. ಗಂಜಿ ಮಾಡಿ ಒಯ್ಯುತ್ತಿದ್ದರು, ಆದರೆ ಮಾತಿಲ್ಲ. ಕೊನೆಗೆ ಪೊರ್ಬುಗಳೇ ಹೇಳಿದರು: "ಮಾಮ, ನೀವು ಹೀಗೆ ಮುಖ ಮಾಡಿ ಕೂತ್ರೆ ನಾನು ಸತ್ತು ನನ್ನ ಬೊಜ್ಜಕ್ಕೆ ಬಂದ ಹಾಗೆ ಕಾಣ್ತದೆ. ಕಾಲು ಮಾತ್ರ ಹೋದದ್ದು, ನಾನು ಇದ್ದೇನೆ." ಮಾಮ ನಗಲಿಲ್ಲ. ಬ್ಯಾಂಡೇಜಿನ ಮೇಲೆ ಕೂತ ಒಂದು ನೊಣವನ್ನು ಓಡಿಸಿದರು, ಅಷ್ಟೇ.

ಅದಾಗಿ ಬಂದ ಒಂದು ಶುಕ್ರವಾರ ಬೆಳಿಗ್ಗೆ ನನ್ನ ಬಾಗಿಲು ತಟ್ಟಿದರು. "ಕೆಲಸ ಉಂಟಾ ನಿನಗೆ? ಇಲ್ಲದಿದ್ರೆ ಬಾ, ಒಂದು ಕೈ ಬೇಕು." ಹೊರಗೆ ವ್ಯಾನಿನ ಮುಂಭಾಗ ಜಾಕಿಯ ಮೇಲಿತ್ತು, ಕೆಳಗೆ ಹಳೆಯ ಚಾಪೆ. ಹಿಂದಿನ ದಿನ ಸನಾಯ್ಯಕ್ಕೆ, ಅಂದರೆ ಗ್ಯಾರೇಜುಗಳೇ ತುಂಬಿರುವ ಆ ಇಂಡಸ್ಟ್ರಿಯಲ್ ಏರಿಯಾಕ್ಕೆ ಹೋಗಿ, ಹೊಸ ಬುಷ್‌ಗಳನ್ನು ಮಲಯಾಳಂ ಪೇಪರಿನಲ್ಲಿ ಕಟ್ಟಿಸಿಕೊಂಡು ಬಂದಿದ್ದರು. ಚಹಾದ ಕೆಟಲಿನಲ್ಲಿ ನೀರು ಕುದಿಸಿ ಅವನ್ನು ಅದರಲ್ಲಿ ಹಾಕಿಟ್ಟರು. ಬಿಸಿನೀರಿಗೆ ನೈಲಾನ್ ಮೆತ್ತಗಾಗಿ ತೂತಿಗೆ ಕೂರುತ್ತದಂತೆ.

ನನ್ನನ್ನು ಡ್ರೈವರ್ ಸೀಟಿನಲ್ಲಿ ಕೂರಿಸಿ, ಕಡ್ಡಿಯ ಬುಡದ ರಬ್ಬರ್ ಬಿಚ್ಚಿ, ಅವರು ಕೆಳಗೆ ತೂರಿಕೊಂಡರು. ನೆಲದ ಆ ತೂತಿನಿಂದ ನನಗೆ ಅವರ ಮುಖ ಕಾಣುತ್ತಿರಲಿಲ್ಲ; ಗ್ರೀಸು ಮೆತ್ತಿದ ಬೆರಳುಗಳು, ಒಮ್ಮೊಮ್ಮೆ ಹಣೆಯ ಒಂದು ತುಂಡು. ಮಾತು ಮಾತ್ರ ಬಾವಿಯೊಳಗಿಂದ ಬಂದ ಹಾಗೆ ಸ್ಪಷ್ಟವಾಗಿ ಬರುತ್ತಿತ್ತು. ಮುಖ ಕಾಣದಿದ್ದದ್ದರಿಂದಲೇ ಇರಬೇಕು, ಅವತ್ತು ಅವರು ಮಾತಾಡಿದಷ್ಟು ಮತ್ತೆಂದೂ ಆಡಲಿಲ್ಲ.

"ಕಡ್ಡಿ ಸರೀ ನಡುವಲ್ಲಿ ಹಿಡ್ಕೊ. ನ್ಯೂಟ್ರಲ್ಲಲ್ಲಿ. ಅಲುಗಾಡಿಸ್ಬೇಡ."

"ಗ್ಯಾರೇಜಿನವರು ಮಾಡಿಕೊಡ್ತಿರಲಿಲ್ವಾ ಮಾಮ ಇದನ್ನು?"

"ಮಾಡ್ತಿದ್ರು. ಸರ್ವಿಸಿಗೆ ಬಿಟ್ಟಾಗೆಲ್ಲ ಕೇಳ್ತಿದ್ರು. ನಾನೇ ಬೇಡ ಅಂದದ್ದು."

ಕ್ಲಿಪ್ ಬಿಚ್ಚುವ ಸದ್ದು. ಒಂದು ರಾಡು ಕಳಚಿ ಕೆಳಗೆ ಬಿತ್ತು. ನನ್ನ ಕೈಯಲ್ಲಿದ್ದ ಕಡ್ಡಿ ಏಕಾಏಕಿ ಹಗುರವಾಯಿತು.

"ನನ್ನ ಕಣ್ಣು, ನನ್ನ ಸಕ್ಕರೆ, ಮುದೀರ್‌ಗೆ ಎಲ್ಲ ಗೊತ್ತುಂಟು. ಪ್ರತಿ ವರ್ಷ ಕಳಿಸ್ಲಿಕ್ಕೆ ನೋಡ್ತಾನೆ. ಬೇರೆಯವರನ್ನು ಕೂರಿಸಿ ನೋಡ್ತಾನೆ, ಗೇರ್ ಬೀಳುದಿಲ್ಲ. ಪುನಃ ನನ್ನನ್ನೇ ಕರೀತಾನೆ. ಇದು ಸರಿಯಾದ್ರೆ ನಾನು ಯಾರಿಗೆ ಬೇಕು, ಹೇಳು."

ಕಡ್ಡಿಯನ್ನು ಇನ್ನೂ ಬಿಗಿಯಾಗಿ ಹಿಡಿದೆ.

"ಹಾಗಾದ್ರೆ ಈಗ ಯಾಕೆ ಮಾಮ?"

ಸ್ಪ್ಯಾನರಿನಿಂದ ಇನ್ನೊಂದು ನಟ್ಟು ಬಿಚ್ಚಿದರು. ಆಮೇಲೆ, "ನನಗೆ ನಾಳೆ ಪುನಃ ತಲೆ ತಿರುಗಿದ್ರೆ? ನಿಮ್ಮಲ್ಲಿ ಒಬ್ಬನಿಗಾದ್ರೂ ಗಾಡಿ ಬದಿಗೆ ತೆಗೀಲಿಕ್ಕೆ ಬರ್ಬೇಕಲ್ಲ. ಪೊರ್ಬುಗಳ ಕಾಲು ನೋಡಿದ್ದಿ ನೀನು. ಆ ಹುಬ್ಬಳ್ಳಿ ಹುಡುಗ ತಪ್ಪಿ ಹಾಕಿದ್ದಲ್ಲ. ನಾನು ಇಟ್ಟದ್ದು ಹಾಗೆ."

"ಮಾಮಿಗೆ..." ಎಂದೆ.

"ಮಾಮಿಯದ್ದು..." ಎಂದರು ಅವರು. ತೂತಿನಿಂದ ಅಂಗೈ ಮೇಲೆ ಬಂತು. "ಆ ಬಿಸಿನೀರಿನ ಬುಷ್ ಕೊಡು. ಆರಿದ್ರೆ ಕೂರುದಿಲ್ಲ."

ಕೊಟ್ಟೆ. ಹೆಬ್ಬೆರಳಿನಿಂದ ಒತ್ತಿ ಕೂರಿಸುವಾಗ ಅವರ ಉಸಿರು ಕೇಳುತ್ತಿತ್ತು. ಒಂದಾದ ಮೇಲೆ ಒಂದು, ಗ್ರೀಸ್ ಹಚ್ಚಿ, ಪಿನ್ ಹಾಕಿ, ರಾಡಿನ ಉದ್ದ ಸರಿಮಾಡಿ ಬಿಗಿದರು. ಕಳಚಿದ ಹಳೆಯ ಬುಷ್‌ಗಳಲ್ಲಿ ಒಂದನ್ನು ಅದೇ ತೂತಿನಿಂದ ನನ್ನ ಕಡೆಗೆ ಚಾಚಿದರು.

"ನೋಡು, ಎಷ್ಟು ತಿಂದು ಹೋಗಿದೆ. ಇಷ್ಟು ವರ್ಷ ನನ್ನ ವೀಸಾ ಇದೇ."

ಎಸೆಯಲು ಮನಸ್ಸು ಬರಲಿಲ್ಲ. ಹೊಸ ಬುಷ್ ಬಂದಿದ್ದ ಅದೇ ಪೇಪರಿನಲ್ಲಿ ಸುತ್ತಿ ಕಿಸೆಗೆ ಹಾಕಿಕೊಂಡೆ.

ಶುಕ್ರ, ಶನಿಯ ರಜೆ ಮುಗಿದು ಭಾನುವಾರ ಬೆಳಿಗ್ಗೆ ಒಂದು ವಿಚಿತ್ರ ನಡೆಯಿತು. ಗೇರ್ ಬೆಣ್ಣೆಯ ಹಾಗೆ ಮೆತ್ತಗಾಗಿತ್ತು, ಆದರೆ ಮಾಮನಿಗೇ ಬೀಳುತ್ತಿರಲಿಲ್ಲ. ಅವರ ಕೈ ಇನ್ನೂ ಹಳೆಯ ದಾರಿಯಲ್ಲೇ ಹೋಗುತ್ತಿತ್ತು. ಎಳೆಯಬೇಕಿಲ್ಲದ ಕಡೆ ಎಳೆದು, ಎತ್ತಬೇಕಿಲ್ಲದ ಕಡೆ ಎತ್ತಿ, ರೌಂಡಬೌಟ್‌ನಲ್ಲಿ ಗಾಡಿ ನಿಲ್ಲಿಸಿಬಿಟ್ಟರು. ಹಿಂದಿನಿಂದ ಎಲ್ಲರ ಹಾರ್ನ್.

"ಮಜ್ಜಿಗಿ ಮುಗೀತ್ರೀ ಮಾಮಾರ, ಕಡಗೋಲ ಕೆಳಗ ಇಡ್ರಿ" ಎಂದ ಹುಬ್ಬಳ್ಳಿಯವನು. ಆ ಅಪಘಾತದ ನಂತರ ಅವನು ಬಾಯಿಬಿಟ್ಟದ್ದು ಅದೇ ಮೊದಲು. ವ್ಯಾನಿಗೆ ವ್ಯಾನೇ ನಕ್ಕಿತು. ಮಾಮನೂ ನಕ್ಕರು. ನಾನು ಮಾತ್ರ ಅವರ ಬಲಗೈಯನ್ನು ನೋಡುತ್ತಿದ್ದೆ. ಊರು ಬದಲಾದದ್ದು ತಿಳಿಯದೆ ಹಳೆಯ ಮನೆಯ ಬಾಗಿಲಿಗೆ ಹೋಗಿ ನಿಂತವರ ಹಾಗೆ, ಅದು ಕಡ್ಡಿಯ ಮೇಲೆ ಸುಮ್ಮನೆ ಇತ್ತು...

ಸಂಜೆ ವಿಲ್ಲಾದ ಪಕ್ಕದ ಖಾಲಿ ಜಾಗದಲ್ಲಿ ಅವರು ಹುಬ್ಬಳ್ಳಿಯವನನ್ನು ಸೀಟಿನಲ್ಲಿ ಕೂರಿಸಿ ಓಡಿಸಲು ಹೇಳಿದರು. "ಒಂದಕ್ಕೆ ಹಾಕು" ಎಂದರು. ಹಾಕಿದ. ಗಾಡಿ ಮುಂದಕ್ಕೆ ಹೋಯಿತು. ಅವನು ಸ್ಟೇರಿಂಗಿನ ಮೇಲೆ ಮುಖ ಇಟ್ಟು ಅತ್ತ. ಮಾಮ ಕಿಟಕಿಯ ಹೊರಗೆ ನೋಡುತ್ತ ಅವನ ಅಳು ಮುಗಿಯುವ ತನಕ ಕಾದರು. ಆಮೇಲೆ, "ಈಗ ರಿವರ್ಸ್" ಎಂದರು.

ಆ ಸಂತೋಷವೇ ಮುಳುವಾಯಿತು. ಮುಂದಿನ ವಾರ ಮುದೀರ್ ಪ್ಲಾಂಟಿನ ಕಡೆಗೆ ಬಂದವನು ಗಾಡಿ ಹೇಗಿದೆ ಎಂದು ವಿಚಾರಿಸಿದಾಗ ಹುಬ್ಬಳ್ಳಿಯವನು ಎದೆಯುಬ್ಬಿಸಿ ತನ್ನ ಅರ್ಧಂಬರ್ಧ ಹಿಂದಿಯಲ್ಲಿ ಹೇಳಿದ: ಮಾಮ ತಮ್ಮ ಕೈಯಿಂದಲೇ ರಿಪೇರಿ ಮಾಡಿದ್ದಾರೆ ಸಾಬ್, ಈಗ ಯಾರು ಬೇಕಾದರೂ ಓಡಿಸಬಹುದು, ನಾನೇ ಓಡಿಸಿದೆ. ಹಿರಿಯರನ್ನು ಅವರ ಎದುರಿಗೇ ಹೊಗಳುವುದು ಅವನ ಕಡೆಯ ಮರ್ಯಾದೆ. ಮಾಮ ಪಕ್ಕದಲ್ಲೇ ನಿಂತಿದ್ದರು. ತಡೆಯಬಹುದಿತ್ತು, ತಡೆಯಲಿಲ್ಲ. ಮುದೀರ್ ಮಾಮನ ಬೆನ್ನು ತಟ್ಟಿದ.

ಆ ತಿಂಗಳು ಮುಗಿಯುವ ಮೊದಲೇ ಹೊಸ ಡ್ರೈವರ್ ಬಂದ. ದಾರಿ ತೋರಿಸಲೆಂದು ಮಾಮ ಅವನ ಪಕ್ಕ, ಪೊರ್ಬುಗಳ ಖಾಲಿ ಸೀಟಿನಲ್ಲಿ ಕೂತರು. ಅವನು ಒಂದು ಸಲವೂ ತಡವರಿಸಲಿಲ್ಲ. ಮೆಸಯೀದ್ ತಲುಪುವಷ್ಟರಲ್ಲಿ ಎಲ್ಲ ಮುಗಿದಿತ್ತು. ನಾವು ಕೆಲವರು ಆಫೀಸಿಗೆ ಹೋಗಿ ಮಾಮನಿಗೆ ಬೇರೆ ಯಾವುದಾದರೂ ಕೆಲಸ ಕೊಡಿ ಎಂದು ಬೇಡಿಕೊಂಡೆವು. ಮುದೀರ್ ಚಹಾ ಕೊಟ್ಟ. "ಮಾಫಿ" ಎಂದ, ಇಲ್ಲ ಎಂದು.

ಹೊರಡುವ ದಿನ ಪೊರ್ಬುಗಳು ಊರುಗೋಲಿನಲ್ಲಿ ಗೇಟಿನವರೆಗೆ ಬಂದರು. ತಮ್ಮ ಕಾಲಿಗೂ ಮಾಮನ ಕೆಲಸಕ್ಕೂ ಇದ್ದ ಸಂಬಂಧ ಅವರಿಗೆ ಗೊತ್ತಿರಲಿಲ್ಲ. ನಾನು ಇಂದಿನವರೆಗೂ ಹೇಳಿಲ್ಲ. "ಊರಲ್ಲಿ ಒಂದು ರಿಕ್ಷಾ ತೆಗೀರಿ ಮಾಮ, ಅದರ ಗೇರ್ ಹಾಳು ಮಾಡ್ಬೇಡಿ ಮತ್ತೆ" ಎಂದು ತಮಾಷೆ ಮಾಡಿದರು. ಮಾಮ ಬಗ್ಗಿ ಅವರ ಪಾದವನ್ನು ಒಮ್ಮೆ ಮುಟ್ಟಿದರು. "ಎಂಥ ಮಾಮ ಇದು" ಎಂದು ಪೊರ್ಬುಗಳು ಗಾಬರಿಯಿಂದ ಕಾಲು ಹಿಂದಕ್ಕೆ ಎಳೆಯಲು ಹೋಗಿ ನೋವಿನಿಂದ ಹಲ್ಲು ಕಚ್ಚಿದರು.

ಊರಿಗೆ ಹೋದ ಮೇಲೆ ಕೂಡಿಟ್ಟದ್ದರಲ್ಲಿ ಸ್ವಲ್ಪ ಕಾಲ ನಡೆಯಿತು. ನಾವೂ ಕೈಲಾದದ್ದನ್ನು ಕಳಿಸಿದೆವು. ಆಮೇಲೆ ಡಯಾಲಿಸಿಸ್ ವಾರಕ್ಕೆ ಒಂದಾಯಿತು ಎಂದು ಕೇಳಿದೆ. ಮಳೆಗಾಲ ಕಳೆಯುವ ಮೊದಲು ಒಂದು ದಿನ ಅವರೇ ಫೋನ್ ಮಾಡಿದರು. "ನಿನ್ನೆ ಸಂಜೆ ಅವಳು ಹೋದಳು ಮಾರಾಯ" ಎಂದರು. ನಾನು ಏನೇನೋ ಹೇಳಿದೆ. ಅವರು ಆಚೆಯಿಂದ, "ಹಾಂ, ಹಾಂ, ಕೇಳ್ತಾ ಉಂಟು" ಎನ್ನುತ್ತಿದ್ದರು. ನಾನು ಮಾತು ನಿಲ್ಲಿಸಿದ ಮೇಲೂ ಹಾಗೇ ಅನ್ನುತ್ತಿದ್ದರು... ಮರುವರ್ಷ ಅವರೂ ಹೋದರು. ಬಸ್ ಸ್ಟ್ಯಾಂಡಿನ ಬೆಂಚಿನ ಮೇಲೆ ಕೂತಲ್ಲಿಯೇ ಸಕ್ಕರೆ ಇಳಿದು ಹೋಯಿತಂತೆ. ನಿದ್ದೆ ಮಾಡುತ್ತಿದ್ದಾರೆ ಎಂದು ಜನ ತಿಳಿದುಕೊಂಡರಂತೆ. ನನಗೆ ಸುದ್ದಿ ಮುಟ್ಟುವಾಗ ಉತ್ತರಕ್ರಿಯೆಯೂ ಮುಗಿದಿತ್ತು.

ಗುಜರಿಗೆ ಹೋಗಬೇಕಿದ್ದ ವ್ಯಾನ್ ಆ ರಿಪೇರಿಯಿಂದಾಗಿ ಹೋಗಲಿಲ್ಲ. ಇನ್ನೂ ಓಡುತ್ತಿದೆ. ಕೆಲವು ತಿಂಗಳ ಹಿಂದೆ ಮುಐದರ್‌ನ ಸಿಗ್ನಲಿನಲ್ಲಿ ನನ್ನ ಪಕ್ಕಕ್ಕೇ ಬಂದು ನಿಂತಿತ್ತು. ಬಣ್ಣ ಬೇರೆ, ಹಿಂದಿನ ಬಾಗಿಲಿನ ತಗ್ಗು ಅದೇ. ಡ್ರೈವರ್ ಯಾರೋ ಹುಡುಗ. ಹಸಿರು ಬಿದ್ದ ಕೂಡಲೇ ಎರಡು ಬೆರಳಿನಲ್ಲಿ ಕಡ್ಡಿಯನ್ನು ದೂಡಿ ಹೊರಟುಹೋದ.

ಕಳೆದ ಶುಕ್ರವಾರ ಆ ಪೊಟ್ಟಣ ಬಿಡಿಸಿಕೊಂಡು ಕೂತಿದ್ದಾಗ ಮಗಳು ಬಂದಳು. ಇಲ್ಲಿಯ ಶಾಲೆಗೆ ಹೋಗುವವಳು. ಕನ್ನಡವನ್ನು ಬಿಸಿ ದೋಸೆಯ ಹಾಗೆ ಅಂಚಿನಲ್ಲಿ ಮಾತ್ರ ಮುಟ್ಟುತ್ತಾಳೆ.

"ಪಪ್ಪಾ, ಇದು ಎಂತ?"

"ಗೇರಿನ ಬುಷ್."

"ನಮ್ಮ ಕಾರಿಗೆ ಗೇರ್ ಹಾಕ್ಲಿಕ್ಕೇ ಇಲ್ವಲ್ಲ. ಡಸ್ಟ್‌ಬಿನ್ನಿಗೆ ಹಾಕ್ಲಾ?"

"ಬೇಡ ಮಗಾ."

ಅವಳು ಅದನ್ನು ಎತ್ತಿಕೊಂಡು ಖಾಲಿ ನೆಲದ ಮೇಲೆ ಚಕ್ರದ ಹಾಗೆ ಉರುಳಿಸಿದಳು. ತೇದುಹೋದ ಅಂಚು ನೆಲಕ್ಕೆ ತಾಗಿದಾಗೆಲ್ಲ ಅದು ಕುಂಟಿತು. ಗೋಡೆಯವರೆಗೂ ಹೋಗದೆ, ಕಟ್ಟಿಟ್ಟ ರಟ್ಟಿನ ಪೆಟ್ಟಿಗೆಗಳ ಈಚೆಗೇ ಒಂದು ಕಡೆಗೆ ವಾಲಿ ಬಿತ್ತು. ಇನ್ನೊಂದು ಸಲ ಉರುಳಿಸಿದಳು. ಅಲ್ಲೇ ಬಿತ್ತು.

"ಇದು ಸರಿ ಇಲ್ಲ ಪಪ್ಪಾ" ಎಂದಳು.

ನಾನು ಎದ್ದು ಹೋಗಿ ಅದನ್ನು ನೆಲದಿಂದ ತೆಗೆದುಕೊಂಡೆ. ಬೆರಳಿಗೆಲ್ಲ ಗ್ರೀಸ್ ಅಂಟಿತು.